ನನ್ನ ಮುಖ, ಇನ್ನೊಬ್ಬಳ ದನಿ

ಮದರಾಸು
12 ಜೂನ್ 1974

ಆದಿಲಕ್ಷ್ಮಿಯವರಿಗೆ ಚಂದ್ರಶೇಖರ ಮಾಡುವ ನಮಸ್ಕಾರಗಳು.

ಶೂಟಿಂಗ್ ಮುಗಿಸಿ ಮುಳಬಾಗಿಲಿನಿಂದ ಬಂದು ಇಪ್ಪತ್ತು ದಿನವಾಯಿತು. ಕಿಟಕಿಯಿಲ್ಲದ ಒಂದು ಕೋಣೆಯಲ್ಲಿ ಎಡಿಟರ್ ಪಕ್ಕ ಕೂತು ಬೆಳಗಿನಿಂದ ಸಂಜೆಯವರೆಗೆ ನಿಮ್ಮ ಮುಖವನ್ನೇ ನೋಡುತ್ತಿದ್ದೇನೆ. ಅವನು ತಲೆ ಕೆರೆದುಕೊಳ್ಳುತ್ತಾನೆ. “ಏನ್ ಸಾರ್ ಇದು? ಹಾಡಿಲ್ಲ, ಬೀದಿಯಿಲ್ಲ, ಹೊಡೆದಾಟವಿಲ್ಲ. ಆರು ವರ್ಷ ಮಿಲಿಟರಿಯಲ್ಲಿದ್ದ ಗಂಡ ಮನೆಗೆ ಬರ್ತಾನೆ, ಹೆಂಡತಿ ಊಟಕ್ಕೆ ಬಡಿಸ್ತಾಳೆ. ಇಷ್ಟೇನಾ?” ಇಷ್ಟೇ ಎಂದೆ. ಎರಡು ಜೀವ, ಒಂದು ಮನೆ. ಕ್ಯಾಮೆರಾ ನೆಲದ ಮೇಲೆ ಕೂತವರ ಕಣ್ಣಿನ ಎತ್ತರಕ್ಕಿರಬೇಕು, ಎದುರಿನವರು ಅಲುಗುವ ತನಕ ಅದೂ ಅಲುಗಬಾರದು. ನನಗೆ ಗೊತ್ತಿರುವ ಸಿನಿಮಾ ಇದೊಂದೇ.

ನಾವು ಶೂಟಿಂಗ್ ಮಾಡಿದ ಜಾನಕಮ್ಮನವರ ನಡುಮನೆಯಲ್ಲಿ ಜನರೇಟರಿನ ಗುಡುಗು ತಡೆಯಲಾರದೆ ಮೂರನೆಯ ದಿನವೇ ಅದನ್ನು ಬೆಂಗಳೂರಿಗೆ ವಾಪಸು ಕಳಿಸಿದೆವಲ್ಲ, ಎಂಥ ಒಳ್ಳೆಯ ಕೆಲಸವಾಯಿತು! ಕನ್ನಡಿ, ಬಿಳಿ ಪಂಚೆ ಹಿಡಿದು ಒಳಗೆ ತಂದ ಬಿಸಿಲು ಚೆನ್ನಾಗಿ ಬಂದಿದೆ. ಅದಕ್ಕಿಂತ ಹೆಚ್ಚಾಗಿ ನಿಮ್ಮ ಮಾತು ಒಂದೊಂದೂ ಕೇಳುತ್ತಿದೆ.

ಈ ಪಾತ್ರಕ್ಕೆ ನಾಟಕದ ಹನ್ನೊಂದು ಮಂದಿ ಹೆಣ್ಣುಮಕ್ಕಳನ್ನು ನೋಡಿ ಬೇಸತ್ತು ನಮ್ಮ ಮುಳಬಾಗಿಲಿಗೆ ಬಂದಿದ್ದೆ. ಶಾಲೆಯ ವಾರ್ಷಿಕೋತ್ಸವದಲ್ಲಿ ನೀವು ಮೈಕು ಹಿಡಿದು ಮಕ್ಕಳನ್ನು ಸಾಲಾಗಿ ಕೂರಿಸುತ್ತಿದ್ದಿರಿ. ಕನ್ನಡದ ಅಡಿಯಲ್ಲಿ ತೆಲುಗು ಸಣ್ಣಗೆ ಹರಿಯುತ್ತಿತ್ತು. ನನ್ನ ಅಜ್ಜಿ, ಅತ್ತೆ, ಪಕ್ಕದ ಮನೆಯವರು ಎಲ್ಲರೂ ಆ ದನಿಯಲ್ಲಿದ್ದರು. ಆ ದನಿ ಇಲ್ಲದಿದ್ದರೆ ಈ ‘ಅಟ್ಟದ ಕೆಳಗೆ’ ಚಿತ್ರ ಇಲ್ಲವೇ ಇಲ್ಲ. ಇದನ್ನು ಮುಖದೆದುರು ಹೇಳಲು ಸಂಕೋಚ, ಅದಕ್ಕೇ ಬರೆದೆ.

ನಿಮ್ಮ ಮನೆಯವರಾದ ಗಂಗುಲಪ್ಪನವರಿಗೂ ನಿಮ್ಮ ಅತ್ತೆಯವರಿಗೂ ನನ್ನ ನಮಸ್ಕಾರ.

ಚಂದ್ರಶೇಖರ


ಬೈರಕೂರು
30 ಜೂನ್ 1974

ಡೈರೆಕ್ಟರ್ ಸಾರ್ ಅವರಿಗೆ ಆದಿಲಕ್ಷ್ಮಿಯ ನಮಸ್ಕಾರಗಳು. ನಾವೆಲ್ಲ ಕ್ಷೇಮ.

ನಿಮ್ಮ ಕಾಗದವನ್ನು ಮನೆಯವರಿಗೆ ಓದಿ ಹೇಳಿದೆ. ದನಿಯ ವಿಷಯ ಬಂದಾಗ ಅವರು ನಕ್ಕರು. “ಹಿಪ್ಪುನೇರಳೆ ತೋಟದಾಗೆ ನಿಂತು ನೀನ್ ಕೂಗಿದ್ರೆ ಊರಾಚೆ ಕೇಳ್ತೈತೆ, ಅದ್ನೇ ಹೊಗಳವ್ರೆ” ಎಂದರು.

ಶಾಲೆ ಶುರುವಾಗಿದೆ. ದಿನವೂ ಬಸ್ಸಿನಲ್ಲಿ ಮುಳಬಾಗಿಲಿಗೆ ಹೋಗಿ ಬರುವುದು ಮೊದಲಿನಂತೆಯೇ. ಮಕ್ಕಳು ಮಾತ್ರ ಮೊದಲಿನಂತಿಲ್ಲ. “ಟೀಚರ್, ಸಿನಿಮಾದಲ್ಲಿ ನೀವು ಸಾಯ್ತೀರಾ?” ಎಂದು ಕೇಳುತ್ತಾರೆ. ಸಾಯಲ್ಲ ಕಣ್ರೋ ಎಂದರೆ ಮುಖ ಸಣ್ಣದಾಗುತ್ತದೆ. ಶಾಲಾ ಸಮಿತಿಯ ಅಧ್ಯಕ್ಷರು ಒಂದು ದಿನ ಕರೆಸಿ ಕಥೆ ಏನು, ಯಾರು ಯಾರು ಇದ್ದಾರೆ ಎಂದು ವಿಚಾರಿಸಿದರು. ಹೇಳಿದೆ. ವಿಶೇಷವೇನಿಲ್ಲ.

ಅತ್ತೆಯವರಿಗೆ ಎರಡೂ ಕಣ್ಣಿಗೆ ಪೊರೆ ಬಂದಿದೆ. ಬೆಳಕು, ನೆರಳು ಬಿಟ್ಟರೆ ಹೆಚ್ಚೇನೂ ತಿಳಿಯುವುದಿಲ್ಲ. ಆದರೂ “ನಾನ್ ಸಾಯೋದ್ರೊಳ್ಗೆ ತೋರಿಸ್ತಾನೇನೇ ಆ ಐನೋರ ಹುಡ್ಗ?” ಎಂದು ವಾರಕ್ಕೊಮ್ಮೆ ಕೇಳುತ್ತಾರೆ. ಏನು ಹೇಳಲಿ?

ಇತಿ,
ಆದಿಲಕ್ಷ್ಮಿ


ಮದರಾಸು
9 ಸೆಪ್ಟೆಂಬರ್ 1974

ಆದಿಲಕ್ಷ್ಮಿಯವರಿಗೆ ನಮಸ್ಕಾರ.

ಉತ್ತರ ತಡವಾಯಿತು. ರೂಮು ಬದಲಿಸಿದೆ. ಬದಲಿಸಿದ ರೂಮೂ ಸರಿಯಿಲ್ಲ. ಬೆಳಗ್ಗೆ ಎದ್ದು ಸಮುದ್ರದ ಕಡೆ ನಡೆಯುತ್ತೇನೆ, ಅಲ್ಲಿ ಐದು ನಿಮಿಷ ನಿಲ್ಲಲಾಗದೆ ವಾಪಸು ಬರುತ್ತೇನೆ.

ಚಿತ್ರವನ್ನು ಬಿಡುಗಡೆ ಮಾಡುವವರು ಬಂದು ನೋಡಿದರು. ಸಣ್ಣಪುಟ್ಟ ಬದಲಾವಣೆ ಕೇಳುತ್ತಿದ್ದಾರೆ. ಹೆಚ್ಚೇನಿಲ್ಲ. ಡಬ್ಬಿಂಗ್ ಎಂದೊಂದಿದೆ. ತೆರೆಯ ಮೇಲೆ ಚಿತ್ರ ಓಡುತ್ತಿರುವಾಗ ಎದುರಿಗೆ ನಿಂತು ಅದೇ ಮಾತನ್ನು ಇನ್ನೊಮ್ಮೆ ಆಡುವುದು. ಎಲ್ಲ ಚಿತ್ರಗಳಿಗೂ ಮಾಡುತ್ತಾರೆ. ಅದಕ್ಕೆ ಹತ್ತು ಹನ್ನೆರಡು ದಿನ ಇಲ್ಲೇ ಇರಬೇಕಾಗುತ್ತದೆ. ನಿಮಗೆ ಶಾಲೆ, ಮನೆ, ಕಣ್ಣು ಕಾಣದ ಅತ್ತೆ. ಬರಲಾಗುವುದಿಲ್ಲವೆಂದು ನನಗೆ ಗೊತ್ತು, ಬಲವಂತವೂ ಇಲ್ಲ. ಆಗುವುದಿಲ್ಲ ಎಂದು ಒಂದು ಸಾಲು ಬರೆದರೆ ಸಾಕು.

ಚಂದ್ರಶೇಖರ


ಬೈರಕೂರು
21 ಸೆಪ್ಟೆಂಬರ್ 1974

ಸಾರ್ ಅವರಿಗೆ ನಮಸ್ಕಾರಗಳು.

ನಾನು ಬರುತ್ತೇನೆ. ಹತ್ತು ದಿನವಲ್ಲ, ಇಪ್ಪತ್ತು ದಿನವಾದರೂ ಇರುತ್ತೇನೆ. ನಮ್ಮ ತಾಯಿಯ ಕಡೆಯ ನೆಂಟರೊಬ್ಬರು ಮದರಾಸಿನ ಪೆರಂಬೂರಿನಲ್ಲಿದ್ದಾರೆ, ಅವರ ಮನೆಯಲ್ಲಿ ಉಳಿಯಬಹುದು. ಮನೆಯವರು ರೈಲಿಗೆ ಹತ್ತಿಸಿ ಬರುತ್ತೇನೆ ಎಂದಿದ್ದಾರೆ. ಅತ್ತೆಯನ್ನು ನಾದಿನಿ ನೋಡಿಕೊಳ್ಳುತ್ತಾಳೆ.

ಶಾಲೆಯ ಚಿಂತೆ ಬೇಡ. ನಾನು ಶಾಲೆ ಬಿಟ್ಟಿದ್ದೇನೆ. ಅತ್ತೆಯವರ ಕಣ್ಣು ಹೀಗಿರುವಾಗ ದಿನವೂ ಹೋಗಿ ಬರುವುದು ಕಷ್ಟವಾಗುತ್ತಿತ್ತು.

ಮಾತುಗಳೆಲ್ಲ ಇನ್ನೂ ಬಾಯಲ್ಲೇ ಇವೆ. ಮೊನ್ನೆ ಒಲೆಯ ಮುಂದೆ ಒಬ್ಬಳೇ ಕೂತು ಮೊದಲಿನಿಂದ ಕೊನೆಯವರೆಗೆ ಹೇಳಿ ನೋಡಿದೆ. ಒಂದೂ ತಪ್ಪಲಿಲ್ಲ. ಯಾವ ದಿನ ಹೊರಡಲಿ ಎಂದು ತಿಳಿಸಿ.

ಆದಿಲಕ್ಷ್ಮಿ


ಮದರಾಸು
2 ನವೆಂಬರ್ 1974

ಆದಿಲಕ್ಷ್ಮಿಯವರಿಗೆ,

ನೀವು ಬರಬೇಕಾಗಿಲ್ಲ. ಅಂದುಕೊಂಡದ್ದಕ್ಕಿಂತ ಬೇಗ ಕೆಲಸ ಮುಗಿಯಿತು. ಅಷ್ಟು ದೂರದ ಪ್ರಯಾಣ ತಪ್ಪಿದ್ದು ಒಳ್ಳೆಯದೇ ಆಯಿತು.

ಶಾಲೆ ಬಿಟ್ಟ ವಿಷಯ ತಿಳಿದು ಸಂತೋಷ. ಮನೆಯಲ್ಲಿ ನೆಮ್ಮದಿಯಾಗಿರಿ. ಬಸ್ಸು, ಗಂಟೆ, ಸೀಮೆಸುಣ್ಣ ಎಂದು ಓಡಾಡುವ ಕಷ್ಟ ಯಾಕೆ ಬೇಕು? ನಿಮ್ಮನ್ನು ನೋಡಿದರೆ ನನಗೆ ಹೊಟ್ಟೆಕಿಚ್ಚು. ನನಗೆ ಕೂರಲು ಒಂದು ಜಾಗವಿಲ್ಲ.

ಚಿತ್ರ ಬಿಡುಗಡೆಯಾದಾಗ ತಿಳಿಸುತ್ತೇನೆ.

ಚಂದ್ರಶೇಖರ


ಬೈರಕೂರು
18 ಆಗಸ್ಟ್ 1976

ಚಂದ್ರಶೇಖರ ಅವರಿಗೆ,

ನೀವು ತಿಳಿಸಲಿಲ್ಲ. ಪ್ರಶಸ್ತಿ ಬಂದದ್ದನ್ನು ಪೇಪರಿನಲ್ಲಿ ಓದಿದೆವು. ಎರಡು ವರ್ಷ ಕಾದ ಮೇಲೆ ಮುಳಬಾಗಿಲ ಟಾಕೀಸಿಗೆ ಬಂದಿದೆ ಎಂದು ಬಸ್ ಕಂಡಕ್ಟರ್ ಹೇಳಿದ. ಮೊನ್ನೆ ಭಾನುವಾರ ಮಧ್ಯಾಹ್ನದ ಆಟಕ್ಕೆ ನಮ್ಮೂರಿನಿಂದ ಹದಿನಾಲ್ಕು ಜನ ಹೋದೆವು. ಅತ್ತೆ ಪೆಟ್ಟಿಗೆಯಿಂದ ಧರ್ಮಾವರದ ಸೀರೆ ತೆಗೆಸಿ ಉಟ್ಟರು.

ಮೊದಲು ಜಾನಕಮ್ಮನವರ ಮನೆ ಬಾಗಿಲು ಬಂತು. ಆಮೇಲೆ ನಾನು ಬಂದೆ. ನನ್ನ ಮುಖ ನಮ್ಮ ಮನೆಯ ಬಾಗಿಲಷ್ಟು ದೊಡ್ಡದಾಗಿತ್ತು. ಹಿಂದಿನ ಬೆಂಚಿನವರು ಶಿಳ್ಳೆ ಹಾಕಿದರು. ನಾಚಿಕೆಯಾಯಿತು, ಸಂತೋಷವೂ ಆಯಿತು, ಸುಳ್ಳು ಹೇಳುವುದಿಲ್ಲ. ಗಂಡ ಹೊಸಿಲ ಮೇಲೆ ನಿಂತಿದ್ದಾನೆ. ನಾನು ತಲೆಯೆತ್ತಿ ನೋಡಿ ಬಾಯಿ ತೆರೆದೆ.

ನಾನು ಆ ದಿನ ಆಡಿದ ಮಾತು “ಬಂದ್ರಾ? ಕಾಲ್ ತೊಳ್ಕೊಂಡ್ ಬನ್ನಿ, ಮುದ್ದೆ ಆರೋಗ್ತೈತೆ.” ತೆರೆಯ ಮೇಲೆ ನನ್ನ ತುಟಿ ಹಾಗೆಯೇ ಆಡಿತು. ಕೇಳಿಸಿದ್ದು “ಬಂದಿರಾ? ಕೈಕಾಲು ತೊಳೆದುಕೊಂಡು ಬನ್ನಿ, ಊಟ ಆರಿಹೋಗುತ್ತದೆ.” ಯಾರೋ ಹೆಂಗಸು. ರೇಡಿಯೋದಲ್ಲಿ ವಾರ್ತೆ ಓದುವವರ ಹಾಗೆ, ಬಹಳ ಚೆನ್ನಾಗಿ ಮಾತಾಡುತ್ತಾಳೆ. ತುಟಿ ಮುದ್ದೆ ಎಂದರೆ ದನಿ ಊಟ ಎನ್ನುತ್ತಿತ್ತು.

ಪಕ್ಕದಲ್ಲಿ ಅತ್ತೆ ಕಿವಿಗೊಟ್ಟು ಕೂತಿದ್ದರು. “ಇದ್ಯಾರೇ ಮಾತಾಡೋದು?” ಎಂದು ಕೇಳಿದರು. ಸಿನಿಮಾದವರು ಎಂದೆ. “ನುವ್ವೆಪ್ಪುಡೊಸ್ತಾವೇ?” ಎಂದರು. ನೀನ್ಯಾವಾಗ ಬರ್ತೀಯೇ ಎಂದು. ಈಗ ಬರ್ತೀನಿ ಅತ್ತೆ ಎಂದೆ. ತೆರೆಯ ತುಂಬ ನಾನೇ ಇದ್ದೆ. ಅವರಿಗೆ ಕಾಣುವುದಿಲ್ಲ, ದನಿಯನ್ನೇ ಕಾಯುತ್ತಿದ್ದರು. ಇಂಟರ್ವಲ್ ಆದ ಮೇಲೆ ಇನ್ನೊಂದು ಸಲ ಕೇಳಿದರು. ಆಮೇಲೆ ಮತ್ತೊಂದು ಸಲ. ಮುಂದೆ ಕೂತವರು ತಿರುಗಿ ನಕ್ಕರು. ಕೊನೆಗೆ ಲೈಟು ಹತ್ತಿ ಜನ ಏಳುವಾಗ ಅತ್ತೆ ನನ್ನ ಕೈ ಹಿಡಿದು, “ಮುಗ್ದೋಯ್ತಾ? ನೀನ್ ಬರ್ಲೇ ಇಲ್ವಲ್ಲೇ! ತೆಗ್ದಾಕ್ಬಿಟ್ರಾ ನಿನ್ನ?” ಎಂದರು.

ಬಸ್ಸಿನಲ್ಲಿ ಮನೆಯವರು, “ಇರ್ಲಿ ಬಿಡು ಲಕ್ಷ್ಮೀ, ಮೊಖ ನಿಂದೇ ಅಲ್ವಾ?” ಎಂದರು. ಒಳ್ಳೆಯ ಮನಸ್ಸಿನಿಂದಲೇ ಹೇಳಿದರು. ನಾನು ಕಿಟಕಿಯ ಕಡೆ ತಿರುಗಿ ಕೂತೆ.

ಒಂದೇ ಒಂದು ವಿಷಯ ತಿಳಿಯಬೇಕು. ನಾನು ಬರುತ್ತೇನೆ ಎಂದು ಬರೆದಾಗ ಇದು ಆಗಿಹೋಗಿತ್ತೇ?

ಆದಿಲಕ್ಷ್ಮಿ


ಬೊಂಬಾಯಿ
10 ಸೆಪ್ಟೆಂಬರ್ 1976

ಆದಿಲಕ್ಷ್ಮಿಯವರಿಗೆ,

ನಿಮ್ಮ ಕಾಗದ ಮದರಾಸಿಗೆ ಹೋಗಿ, ಬೆಂಗಳೂರಿಗೆ ಹೋಗಿ, ಇಲ್ಲಿಗೆ ಬಂತು. ನಾಳೆ ಇಲ್ಲಿ ಚಿತ್ರ ತೋರಿಸುತ್ತಿದ್ದಾರೆ. ನಿಮ್ಮ ಅಭಿನಯವನ್ನು ಎಷ್ಟೆಷ್ಟು ದೊಡ್ಡವರು ಹೊಗಳಿದ್ದಾರೆಂದು ನಿಮಗೆ ಗೊತ್ತಿಲ್ಲ. ಕಣ್ಣುಗಳ ಬಗ್ಗೆಯೇ ಒಬ್ಬರು ಒಂದು ಪುಟ ಬರೆದಿದ್ದಾರೆ.

ದನಿಯ ವಿಷಯದಲ್ಲಿ ನನ್ನ ಕೈಯಲ್ಲಿ ಏನೂ ಇರಲಿಲ್ಲ. ಟೇಪು ಹಾಳಾಗಿತ್ತು. ಇಡೀ ದಿನ ಜನರೇಟರ್ ಓಡುತ್ತಿದ್ದುದರಿಂದ ನಿಮ್ಮ ಮಾತಿನ ಹಿಂದೆ ಅದರ ಗದ್ದಲವೇ ತುಂಬಿಕೊಂಡಿತ್ತು. ಬೇರೆ ದಾರಿ ಇರಲಿಲ್ಲ. ಸಿನಿಮಾ ಒಬ್ಬರ ಸ್ವತ್ತಲ್ಲ. ಒಬ್ಬರ ಮುಖ, ಒಬ್ಬರ ದನಿ, ಒಬ್ಬರ ಬೆಳಕು ಸೇರಿ ಆಗುವ ಕೆಲಸ. ಇದನ್ನು ನೀವು ಅರ್ಥ ಮಾಡಿಕೊಳ್ಳುತ್ತೀರೆಂದು ನಂಬಿದ್ದೇನೆ. ನಿಮ್ಮ ಅತ್ತೆಯವರಿಗೆ ಸಮಾಧಾನ ಹೇಳಿ.

ಚಂದ್ರಶೇಖರ


ಬೈರಕೂರು
20 ಸೆಪ್ಟೆಂಬರ್ 1976

ಜನರೇಟರನ್ನು ಮೂರನೆಯ ದಿನವೇ ವಾಪಸು ಕಳಿಸಿದಿರಿ. ನಿಮ್ಮ 1974 ಜೂನ್ 12ರ ಕಾಗದದಲ್ಲಿ ನೀವೇ ಬರೆದಿದ್ದೀರಿ. ಕಾಗದ ನನ್ನ ಹತ್ತಿರ ಇದೆ.

ಇನ್ನು ಬರೆಯಬೇಡಿ.

ಆದಿಲಕ್ಷ್ಮಿ


ಬೆಂಗಳೂರು
4 ಮಾರ್ಚ್ 1983

ಆದಿಲಕ್ಷ್ಮಿಯವರಿಗೆ,

ಬರೆಯಬೇಡಿ ಎಂದಿದ್ದಿರಿ. ಆರೂವರೆ ವರ್ಷ ಬರೆಯಲಿಲ್ಲ. ಇದನ್ನು ಓದದೆ ಒಲೆಗೆ ಹಾಕಿದರೂ ನಿಮ್ಮನ್ನು ತಪ್ಪು ಎನ್ನುವುದಿಲ್ಲ.

ಆಗ ನೀವು ಕೇಳಿದ ಪ್ರಶ್ನೆಗೆ ಉತ್ತರ: ಹೌದು, ಆಗಿಹೋಗಿತ್ತು. ಬರಲಾಗುವುದಿಲ್ಲ ಎಂದು ಒಂದು ಸಾಲು ಬರೆಯಿರಿ ಎಂದು ನಾನು ಕೇಳಿದಾಗ ಆ ಕೆಲಸ ಮುಗಿದು ನಾಲ್ಕು ದಿನವಾಗಿತ್ತು. ನಿಮ್ಮ ಆ ಸಾಲನ್ನು ಜೇಬಿನಲ್ಲಿಟ್ಟುಕೊಂಡರೆ, ನಾನು ಕರೆದೆ, ಅವರೇ ಬರಲಿಲ್ಲ ಎಂದು ನನ್ನನ್ನು ನಾನೇ ನಂಬಿಸಿಕೊಳ್ಳಬಹುದು ಎಂದುಕೊಂಡಿದ್ದೆ. ನೀವು ಬರುತ್ತೇನೆ ಎಂದು ಬರೆದಿರಿ.

ಚಿತ್ರ ನೋಡಲು ಬಂದವರು ಮೂವರು. ಮೊದಲ ರೀಲಿಗೇ ಒಬ್ಬ ನಕ್ಕ. “ಏನ್ರೀ ಈ ಕನ್ನಡ? ಅರ್ಧ ತೆಲುಗು. ಧಾರವಾಡದಲ್ಲಿ ನಗ್ತಾರೆ, ಮಂಗಳೂರಲ್ಲಿ ನಗ್ತಾರೆ. ಹೀರೋಯಿನ್ ಬಾಯಲ್ಲಿ ಮುದ್ದೆ ಅಂದ್ರೆ ಯಾರ್ರೀ ನೋಡ್ತಾರೆ? ದನಿ ಬದಲಾಯಿಸಿ, ನಾಳೆಯೇ ಒಪ್ಪಂದಕ್ಕೆ ಸಹಿ ಹಾಕ್ತೀವಿ” ಎಂದ. ಎದ್ದು ಹೋಗಬಹುದಿತ್ತು. ಒಂದು ಹಗಲು ಯೋಚನೆ ಮಾಡಿದೆ. ಸಂಜೆಗೆ ಒಪ್ಪಿದೆ. ದನಿ ಕೊಟ್ಟ ಆಕೆ ಎರಡು ಮಧ್ಯಾಹ್ನಗಳಲ್ಲಿ ಎಲ್ಲವನ್ನೂ ಮುಗಿಸಿ ಕಾಫಿ ಕುಡಿದು ಹೋದಳು. ನಿಮ್ಮ ಟೇಪಿನ ಮೇಲೆ ಸ್ಟುಡಿಯೋದವರು ಬೇರೆ ಯಾವುದೋ ಚಿತ್ರದ ಹಾಡನ್ನು ತುಂಬಿಸಿಕೊಂಡರು. ಅದು ಉಳಿದಿಲ್ಲ.

ಅಲ್ಲಿಂದೀಚೆಗೆ ಮೂರು ಚಿತ್ರ ಮಾಡಿದ್ದೇನೆ. ಎಲ್ಲವೂ ಒಂದೇ ಮನೆ, ಇಬ್ಬರೋ ಮೂವರೋ ಮನುಷ್ಯರು. ‘ಎದುರು ಕುರ್ಚಿ’ಯಲ್ಲಿ ಹೆಂಗಸು ಆಡಿದ್ದು ಹನ್ನೆರಡು ಮಾತು. ಅದರ ನಂತರದ್ದರಲ್ಲಿ ನಾಲ್ಕು. ಹೋದ ವರ್ಷದ್ದರಲ್ಲಿ ಒಂದೂ ಇಲ್ಲ. ಇವನು ಮೌನದ ನಿರ್ದೇಶಕ, ಮುಖವನ್ನೇ ಮಾತಾಡಿಸುತ್ತಾನೆ ಎಂದು ವಿಮರ್ಶಕರು ಬರೆಯುತ್ತಾರೆ. ಸೆಮಿನಾರುಗಳಲ್ಲಿ ಕೇಳಿದಾಗ ನಾನೂ ಮೌನದ ಬಗ್ಗೆ ಚೆಂದದ ಮಾತು ಆಡುತ್ತೇನೆ. ನಿಜ ಇಷ್ಟೇ: ಹೆಣ್ಣೊಬ್ಬಳು ತೆರೆಯ ಮೇಲೆ ಬಾಯಿ ತೆರೆದರೆ ನನ್ನ ಕಿವಿಗೆ ಆ ವಾರ್ತೆ ಓದುವ ದನಿ ಕೇಳಿಸುತ್ತದೆ. ಸಹಿಸಲಾರೆ. ಅದಕ್ಕೇ ಮಾತನ್ನು ಕತ್ತರಿಸುತ್ತೇನೆ. ಜನ ಅದನ್ನು ಶೈಲಿ ಎನ್ನುತ್ತಾರೆ.

ಎಂಟು ವರ್ಷದಲ್ಲಿ ಆರು ಮನೆ ಬದಲಿಸಿದೆ. ಏನನ್ನೂ ಬೇಡಲು ಬರೆದದ್ದಲ್ಲ. ಸುಳ್ಳನ್ನು ಹಾಗೆಯೇ ಬಿಡಲಾಗಲಿಲ್ಲ.

ಚಂದ್ರಶೇಖರ


ಕೋಲಾರ
24 ಜನವರಿ 1984

ಆದಿಲಕ್ಷ್ಮಿಯವರಿಗೆ,

ನೀವು ಉತ್ತರ ಬರೆಯಲಿಲ್ಲ. ಇವತ್ತು ಹೇಳದೆ ಕೇಳದೆ ಬೈರಕೂರಿಗೆ ಹೋಗಿದ್ದೆ. ಈಗಷ್ಟೇ ಕೋಲಾರದ ಬಸ್ ಸ್ಟ್ಯಾಂಡಿನಲ್ಲಿ ಇಳಿದು, ಎದುರಿನ ಹೋಟೆಲಿನಲ್ಲಿ ಕೂತು ಬರೆಯುತ್ತಿದ್ದೇನೆ. ಬೆಂಗಳೂರಿಗೆ ಹೋಗುವ ತನಕ ತಡೆಯಲಾರೆ.

ನೀವಿರಲಿಲ್ಲ. ಗಂಗುಲಪ್ಪನವರು ರೇಷ್ಮೆಗೂಡು ತೆಗೆದುಕೊಂಡು ಮಾರ್ಕೆಟ್ಟಿಗೆ ಹೋಗಿದ್ದರು. ಜಗಲಿಯ ಮೇಲೆ ನಿಮ್ಮ ಅತ್ತೆ ದೊಡ್ಡಮುನಿಯಮ್ಮನವರು ಅವರೆಕಾಯಿ ಸುಲಿಯುತ್ತಿದ್ದರು. ದಪ್ಪ ಕನ್ನಡಕ. ಕ್ಯಾಂಪಿನಲ್ಲಿ ಆಪರೇಷನ್ ಆಗಿ ಒಂದು ಕಣ್ಣು ಬಂದಿದೆಯಂತೆ. ಯಾರು ಎಂದರು. ಮುಳಬಾಗಿಲ ಚಂದ್ರಶೇಖರ ಎಂದೆ.

“ಸಿನಿಮಾದೋರಾ? ಬಾ ನಾಯ್ನಾ, ಕೂತ್ಕೋ. ನನ್ ಸೊಸೇನ ಇಸ್ಕೂಲ್ ಬಿಡ್ಸಿದ್ದು ನೀನೇ ಅಲ್ವಾ?”

ಸಿಟ್ಟಿನಿಂದ ಕೇಳಲಿಲ್ಲ. ಗುರುತು ಹಿಡಿದವರ ಹಾಗೆ ಕೇಳಿದರು. “ನಾನು ಬಿಡಿಸಲಿಲ್ಲ ಅಮ್ಮ, ಅವರೇ ಬಿಟ್ಟೆ ಅಂತ ಬರೆದಿದ್ದರು” ಎಂದೆ.

“ಅವ್ಳ್ಯಾಕ್ ಬಿಡ್ತಾಳೆ? ಸಿನಿಮಾದಾಗೆ ಪರಗಂಡಸಿನ ಜೊತೆ ಒಂದೇ ಮಂಚದ್ ಮ್ಯಾಲೆ ಕೂತವ್ಳು ಹೆಣ್ಮಕ್ಳಿಗೆ ಪಾಠ ಹೇಳೋದ್ ಬ್ಯಾಡ ಅಂತ ಕಮಿಟಿಯೋರು ಬರ್ಸ್ಕೊಂಡ್ರು. ಆರ್ ವರ್ಷ ಮನೇಲ್ ಕೂತಿದ್ಲು ನನ್ ಮಗ್ಳು.”

ಸೊಸೆ ಎಂದು ಶುರುಮಾಡಿದವರು ಮಗಳು ಎಂದು ಮುಗಿಸಿದರು. ಆಮೇಲೆ ಎದ್ದು ಹೋಗಿ ಮಜ್ಜಿಗೆ ತಂದುಕೊಟ್ಟರು. ಕುಡಿದೆ. ಈಗ ನೀವು ಕ್ಯಾಲನೂರಿನ ಸರ್ಕಾರಿ ಶಾಲೆಯಲ್ಲಿದ್ದೀರಿ, ವಾರಕ್ಕೊಮ್ಮೆ ಊರಿಗೆ ಬರುತ್ತೀರಿ ಎಂದು ಅವರೇ ಹೇಳಿದರು.

ಶಾಲೆ ಬಿಟ್ಟದ್ದು ತಿಳಿದು ಸಂತೋಷ ಎಂದು ನಾನು ಬರೆದಿದ್ದೆನಲ್ಲ! ಸೀಮೆಸುಣ್ಣದ ಕಷ್ಟ ಯಾಕೆ ಎಂದು ಬರೆದಿದ್ದೆನಲ್ಲ! ಅದನ್ನು ನೀವು ಹೇಗೆ ಓದಿರಬೇಕು? ಯಾಕೆ ಒಂದು ಮಾತು ಹೇಳಲಿಲ್ಲ?

ಈ ವರ್ಷದ ಕೊನೆಗೆ ಮಾಲೂರಿನಲ್ಲಿ ಹೊಸ ಚಿತ್ರ ಶುರು ಮಾಡುತ್ತಿದ್ದೇನೆ. ಗಂಡ ಸತ್ತ ಮೇಲೆ ತವರಿಗೆ ಬಂದ ಹೆಣ್ಣಿನ ಕಥೆ. ಶ್ಯಾಮಲಾ ಎನ್ನುವ ಬೆಂಗಳೂರಿನ ಹುಡುಗಿ ಆ ಪಾತ್ರ ಮಾಡುತ್ತಾಳೆ. ಒಳ್ಳೆಯ ಮುಖ, ಆದರೆ ಮಾತು ಪೇಟೆಯದು. ನೀವು ಆ ಪಾತ್ರಕ್ಕೆ ದನಿ ಕೊಡಬೇಕು. ಈ ಸಲ ಮುಖ ಅವಳದು, ದನಿ ನಿಮ್ಮದು. ನಿಮ್ಮ ಹೆಸರನ್ನು ತೆರೆಯ ಮೇಲೆ ಮೊದಲು ಹಾಕುತ್ತೇನೆ. ನಾನು ಮಾಡಿದ್ದಕ್ಕೆ ಇದಕ್ಕಿಂತ ಬೇರೆ ಪರಿಹಾರ ನನಗೆ ತೋಚುತ್ತಿಲ್ಲ.

ಚಂದ್ರಶೇಖರ


ಕ್ಯಾಲನೂರು
12 ಫೆಬ್ರವರಿ 1984

ಚಂದ್ರಶೇಖರ ಅವರಿಗೆ,

ನಿಮ್ಮ ಹೋದ ವರ್ಷದ ಕಾಗದವನ್ನು ಒಲೆಗೆ ಹಾಕಲಿಲ್ಲ, ಓದಿದೆ. ಹಳೆಯ ಕಾಗದಗಳ ಜೊತೆ ಇಟ್ಟೆ.

ಯಾಕೆ ಹೇಳಲಿಲ್ಲ ಎಂದು ಕೇಳಿದ್ದೀರಿ. ಹೇಳುತ್ತೇನೆ. 1974ರ ಸೆಪ್ಟೆಂಬರ್ ಎರಡನೆಯ ತಾರೀಖು, ಮೂರನೆಯ ಪೀರಿಯಡ್ ಮುಗಿಯುವಾಗ ಕರೆಸಿದರು. ಅಧ್ಯಕ್ಷರು, ಸಮಿತಿಯ ನಾಲ್ವರು, ಹೆಡ್ ಮಾಸ್ಟರು ಕೂತಿದ್ದರು. ನನಗೆ ಕುರ್ಚಿ ಕೊಡಲಿಲ್ಲ. ಸ್ವಂತ ಕಾರಣದಿಂದ ಕೆಲಸ ಬಿಡುತ್ತಿದ್ದೇನೆ ಎಂದು ಮೊದಲೇ ಟೈಪು ಮಾಡಿಸಿಟ್ಟಿದ್ದ ಹಾಳೆಯನ್ನು ಮೇಜಿನ ಮೇಲೆ ಸರಿಸಿ, “ಇಲ್ಲೊಂದು ಸಹಿ ಹಾಕಮ್ಮ” ಎಂದರು. ಹಾಕಿದೆ. ಒಂದು ಮಾತೂ ಆಡಲಿಲ್ಲ. ಊರಾಚೆ ಕೇಳುವ ದನಿ ನನ್ನದು, ಆವತ್ತು ಎಲ್ಲಿ ಹೋಗಿತ್ತೋ. ಹೊರಗೆ ಬಂದರೆ ನಾಲ್ಕನೆಯ ಕ್ಲಾಸಿನ ಮಕ್ಕಳು ಮಗ್ಗಿ ಹೇಳುತ್ತಿದ್ದರು.

ನಿಮಗೆ ಬರೆದರೆ ನೀವು ನೊಂದುಕೊಂಡು ಸಿನಿಮಾ ಕೆಡಿಸಿಕೊಳ್ಳುತ್ತೀರಿ ಎಂದುಕೊಂಡೆ. ಸಿನಿಮಾ ಚೆನ್ನಾಗಿ ಬಂದರೆ ಅಷ್ಟೇ ಸಾಕು, ಹೋದದ್ದಕ್ಕೆ ಸರಿಹೋಗುತ್ತದೆ ಎಂದುಕೊಂಡೆ. ಮುಳಬಾಗಿಲಿನಲ್ಲಿ ಕೂತು ನೋಡಿದಾಗ ನನ್ನ ಸಂಕಟ ಯಾವುದೆಂದು ಈಗ ನಿಮಗೆ ತಿಳಿಯಬಹುದು. 1980ರಲ್ಲಿ ಈ ಕೆಲಸ ಸಿಕ್ಕಿತು. ಇಲ್ಲಿ ಯಾರಿಗೂ ನಾನು ಸಿನಿಮಾದವಳು ಎಂದು ಗೊತ್ತಿಲ್ಲ.

ಇನ್ನು ನೀವು ಕೇಳಿದ್ದು. ಆ ಹುಡುಗಿ ಶ್ಯಾಮಲಾಗೆ ಗೊತ್ತೇ? ಅವಳ ಬಾಯಿಯ ಮೇಲೆ ನನ್ನ ದನಿ ಅಂಟಿಸುತ್ತೀರೆಂದು ಅವಳಿಗೆ ಹೇಳಿದ್ದೀರಾ? ಹೇಳಿರುವುದಿಲ್ಲ. ನಿಮ್ಮನ್ನು ನಾನು ಬಲ್ಲೆ. ನನಗೆ ಮಾಡಿದ್ದನ್ನು ಅವಳಿಗೆ ಮಾಡಿ, ಅದನ್ನೇ ನನಗೆ ಪರಿಹಾರ ಎನ್ನುತ್ತೀರಿ. ಆಗುವುದಿಲ್ಲ.

ಅವಳನ್ನು ದಸರಾ ರಜೆಯಲ್ಲಿ ಇಲ್ಲಿಗೆ ಕಳಿಸಿ. ನನ್ನ ಬಾಡಿಗೆ ಮನೆಯಲ್ಲಿ ಒಂದು ಚಾಪೆಗೆ ಜಾಗವಿದೆ. ಹದಿನೈದು ದಿನ ಈ ಜನರ ಮಧ್ಯೆ ಇರಲಿ. ಮಾತು ಅವಳದೇ ಇರಲಿ. ನೀವು ಬರೆದ ಕಥೆಯನ್ನೂ ಕಳಿಸಿ, ಓದುತ್ತೇನೆ.

ಆದಿಲಕ್ಷ್ಮಿ


ಬೆಂಗಳೂರು
15 ಸೆಪ್ಟೆಂಬರ್ 1984

ಆದಿಲಕ್ಷ್ಮಿಯವರಿಗೆ,

ಶ್ಯಾಮಲಾಗೆ ಹೇಳಿರಲಿಲ್ಲ. ನಿಮ್ಮ ಕಾಗದ ಬಂದ ಮೇಲೆ ಹೇಳಿದೆ. ಅವಳು ಎದ್ದು ಹೋದಳು. ನಾಲ್ಕು ತಿಂಗಳು ಬರಲಿಲ್ಲ. ನಿಮ್ಮ ಕಾಗದವನ್ನೇ ಅವಳ ಕೈಗೆ ಕೊಟ್ಟು ಓದಿಸಿದ ಮೇಲೆ, “ಅವರ ಹತ್ರ ಹೋಗ್ತೀನಿ, ನಿಮ್ಮ ಹತ್ರ ಬರೋದು ಆಮೇಲೆ ನೋಡ್ತೀನಿ” ಎಂದಿದ್ದಾಳೆ. ಒಂದನೆಯ ತಾರೀಖು ಬರುತ್ತಾಳೆ.

ಕಥೆಯನ್ನು ಮೊದಲಿನಿಂದ ತಿದ್ದಿದೆ. ಇದರ ಜೊತೆ ಕಳಿಸಿದ್ದೇನೆ. ಡಬ್ಬಿಂಗ್ ಇಲ್ಲ. ಅಲ್ಲಿಯ ಮಾತು ಅಲ್ಲೇ ಟೇಪಿಗೆ. ಕೋಳಿ ಕೂಗಿದರೆ ಕೂಗಲಿ. ನಲವತ್ತೊಂದನೆಯ ಪುಟ ನಾನು ಈವರೆಗೆ ಬರೆದದ್ದರಲ್ಲೇ ಒಳ್ಳೆಯದು ಅನ್ನಿಸುತ್ತಿದೆ. ನಿಮಗೆ ಏನನ್ನಿಸುತ್ತದೋ ಎಂದು ಭಯ.

ಚಂದ್ರಶೇಖರ


ಕ್ಯಾಲನೂರು
17 ಅಕ್ಟೋಬರ್ 1984

ಚಂದ್ರಶೇಖರ ಅವರಿಗೆ,

ಶ್ಯಾಮಲಾ ಈಗಷ್ಟೇ ಬಸ್ಸು ಹತ್ತಿದಳು. ಕಾಗದ ಅವಳ ಹಿಂದೆಯೇ ಬರಲೆಂದು ಟಪಾಲಿಗೆ ಹಾಕುತ್ತಿದ್ದೇನೆ.

ಮೊದಲ ಎರಡು ದಿನ ನಾನು ಆಡಿದ್ದನ್ನೆಲ್ಲ ಹಾಗೆಯೇ ತಿರುಗಿ ಆಡಿದಳು. ಅಣಕಿಸಿದ ಹಾಗೆ ಕೇಳುತ್ತಿತ್ತು. “ನನ್ ಥರ ಮಾತಾಡ್ಬೇಡ ಕಣೇ. ನನ್ ಥರ ಮಾತಾಡೋಕೆ ನಾನಿದ್ದೀನಿ” ಎಂದು ಬೈದೆ. ಆಮೇಲೆ ಬೆಳಗ್ಗೆ ಸಂಜೆ ಹಾಲಿನ ಡೈರಿಗೆ ಕಳಿಸಿದೆ. ನನ್ನ ಮನೆ ಓನರಮ್ಮನ ಹಾಲಿನ ಕ್ಯಾನು ಹಿಡಿದು ಸಾಲಿನಲ್ಲಿ ನಿಲ್ಲುತ್ತಿದ್ದಳು. ಹತ್ತನೆಯ ದಿನ ಅಂಜಮ್ಮ ಎನ್ನುವ ಗಟ್ಟಿ ಹೆಂಗಸು ಇವಳನ್ನು ದಾಟಿ ಮುಂದೆ ನುಗ್ಗಿದಳಂತೆ. ಇವಳು ಸೆರಗು ಹಿಡಿದು ನಿಲ್ಲಿಸಿ, “ಏನಮ್ಮಾ, ನಾನೇನ್ ಇಲ್ಲಿ ಕಂಬ ಅಂದ್ಕೊಂಡ್ಯಾ? ಹಿಂದ್ಗಡೆ ಬಾ” ಎಂದಳಂತೆ. ಅಂಜಮ್ಮನೇ ಬಂದು ನನಗೆ ಹೇಳಿ ನಕ್ಕಳು. ಅದು ನನ್ನ ಮಾತಲ್ಲ, ಕ್ಯಾಲನೂರಿನದೂ ಅಲ್ಲ, ಪೇಟೆಯದೂ ಅಲ್ಲ. ಅವಳದು. ಅಷ್ಟು ಸಾಕು. ಅದನ್ನು ತಿದ್ದಲು ಹೋಗಬೇಡಿ.

ನಿಮ್ಮ ಕಥೆ ಓದಿದೆ. ಚೆನ್ನಾಗಿದೆ. ಮನೆಯೊಳಗಿನ ಜನ ಹೇಗೆ ಒಬ್ಬರನ್ನೊಬ್ಬರು ನೋಡದೆ ನೋಡುತ್ತಾರೆ ಎನ್ನುವುದು ನಿಮಗೆ ಗೊತ್ತಿರುವಷ್ಟು ಬೇರೆಯವರಿಗೆ ಗೊತ್ತಿಲ್ಲ. ಅಡುಗೆಮನೆಯ ಮಾತುಗಳಲ್ಲಿ ಕೆಲವನ್ನು ತಿದ್ದಿದ್ದೇನೆ. ತವರಿಗೆ ಬಂದ ಹೆಣ್ಣು ಅತ್ತಿಗೆಯನ್ನು ಹಾಗೆ ಹೆಸರು ಹಿಡಿದು ಕರೆಯುವುದಿಲ್ಲ.

ನಲವತ್ತೊಂದನೆಯ ಪುಟಕ್ಕೆ ಬರುತ್ತೇನೆ. ಅಧ್ಯಕ್ಷರು ಹೋಗಿ ಅಣ್ಣ ಬಂದಿದ್ದಾನೆ. ಮೇಜು ಹೋಗಿ ಚಾಪೆ ಬಂದಿದೆ. ಜಮೀನಿನಲ್ಲಿ ನನಗೆ ಪಾಲು ಬೇಡ ಎಂದು ಬರೆದ ಹಾಳೆಯನ್ನು ಅವನು ತಂಗಿಯ ಮುಂದೆ ಸರಿಸಿ, ಇಲ್ಲೊಂದು ಸಹಿ ಹಾಕಮ್ಮ ಎನ್ನುತ್ತಾನೆ. ಅದು ನನ್ನದು. ತೆಗೆದುಕೊಳ್ಳಿ, ಕೇಳದೆ ತೆಗೆದುಕೊಂಡಿರಿ ಎಂದು ಈ ಸಲ ಜಗಳಕ್ಕೆ ಬರುವುದಿಲ್ಲ. ಆದರೆ ಅದರ ಕೆಳಗೆ, “ಅವಳು ಮಾತಿಲ್ಲದೆ ಸಹಿ ಹಾಕುತ್ತಾಳೆ. ಮೂರು ನಿಮಿಷ ಅವಳ ಮುಖ. ಕಿಟಕಿಯ ಬಿಸಿಲು ನಿಧಾನವಾಗಿ ಸರಿಯುತ್ತದೆ” ಎಂದು ಬರೆದಿದ್ದೀರಿ.

ಆವತ್ತು ನನ್ನ ಮುಖದ ಮೇಲೆ ಯಾವ ಬಿಸಿಲೂ ಇರಲಿಲ್ಲ. ಹೆದರಿಕೆಯಿಂದ ನಾಲಗೆ ಒಣಗಿತ್ತು, ಕಂಕುಳು ಬೆವೆತಿತ್ತು. ನೋಡುವವರಿಗೆ ಅದು ಚೆಂದ ಕಾಣುವ ವಿಷಯವಲ್ಲ. ನೀವು ಮಾತು ಕತ್ತರಿಸಿದ್ದು ನಿಮ್ಮ ಸಂಕಟಕ್ಕೆ. ನಾನು ಸುಮ್ಮನಿದ್ದದ್ದು ನನ್ನ ಹೆದರಿಕೆಗೆ. ಎರಡನ್ನೂ ಕಲಸಿ ಮೌನ ಎಂದು ಹೆಸರಿಟ್ಟು ಇನ್ನೊಬ್ಬಳ ಮುಖಕ್ಕೆ ಬಳಿಯಬೇಡಿ. ಇಷ್ಟು ವರ್ಷದ ಮೇಲೆ ಆ ಕೋಣೆಯೊಳಗೆ ಮತ್ತೆ ಹೋಗುವುದಾದರೆ ಬಾಯಿ ಮುಚ್ಚಿಕೊಂಡು ವಾಪಸು ಬರಲು ನನಗೆ ಇಷ್ಟವಿಲ್ಲ.

ಈ ಪುಟವನ್ನು ನಾನೂ ಶ್ಯಾಮಲಾನೂ ನಾಲ್ಕು ಸಂಜೆ ಓದಿದೆವು. ಒಂದು ಸಲ ನಾನು ಅಣ್ಣನಾದೆ, ಅವಳು ತಂಗಿ. ಒಂದು ಸಲ ಅವಳು ಅಣ್ಣನಾದಳು. ಮೂರನೆಯ ಸಂಜೆ ಅವಳು ಹಾಳೆಯನ್ನು ಕೈಗೆತ್ತಿಕೊಂಡು, ತಲೆಯೆತ್ತಿ ನನ್ನನ್ನು ನೋಡಿ, ಮಾತಾಡಲು ಶುರುಮಾಡಿದಳು. ನಾನು ಅಣ್ಣನ ಮಾತನ್ನು ಮರೆತು ಕೇಳುತ್ತಾ ಕೂತೆ. ಸಹಿ ಹಾಕಿದಳೋ ಇಲ್ಲವೋ ಎನ್ನುವುದನ್ನು ನಿಮಗೆ ಹೇಳುವುದಿಲ್ಲ. ಏನು ಮಾತಾಡಿದಳು ಎಂದೂ ಬರೆಯುವುದಿಲ್ಲ. ಬರೆದರೆ ನೀವು ಕತ್ತರಿ ಹಿಡಿಯುತ್ತೀರಿ. ಅವಳಿಗೂ, “ಮುಂಚೆ ಹೇಳ್ಬೇಡ, ಕ್ಯಾಮೆರಾ ಮುಂದೆ ಕೂತಾಗ ಹೇಳು” ಎಂದು ಹೇಳಿ ಕಳಿಸಿದ್ದೇನೆ.

ಮಾಲೂರಿನಲ್ಲಿ ಆ ದಿನ ಬಂದಾಗ ನೀವು ಮಾಡಬೇಕಾದದ್ದು ಇಷ್ಟೇ. ಟೇಪು ಓಡುತ್ತಿರಲಿ. ಅವಳು ಮುಗಿಸುವ ತನಕ ನಿಲ್ಲಿಸಬೇಡಿ.

ಆದಿಲಕ್ಷ್ಮಿ